ಬ್ರೀದರಿನೊಳಗಿನ ಗಿಳಿಹಸಿರು ನೂಲು

ಲಕ್ಷ್ಮಣಪ್ಪನಿಗೆ ಏನೂ ಅನ್ನಿಸುತ್ತಿರಲಿಲ್ಲ. ಹೆಂಡತಿ ಸತ್ತವನಿಗೆ ಏನಾದರೂ ಅನ್ನಿಸಲೇಬೇಕು ಎಂದು ಕೇರಿಯ ಜನ ಬಹಳ ದಿನ ಕಾದರು. ತಿಥಿಯ ದಿನ ಅಳುತ್ತಾನೆ ಎಂದುಕೊಂಡರು, ಅಳಲಿಲ್ಲ. ಕುಡಿತಕ್ಕೆ ಬೀಳುತ್ತಾನೆ ಎಂದುಕೊಂಡರು, ಬೀಳಲಿಲ್ಲ. ಇನ್ನೊಂದು ಮದುವೆಯ ಮಾತೆತ್ತಿದರೆ ಆಡಿಕೊಳ್ಳಲು ಸಿದ್ಧವಾಗಿದ್ದರು, ಅದನ್ನೂ ಎತ್ತಲಿಲ್ಲ. ಕೊನೆಗೆ ಬೇಸತ್ತು, ಅವನದು ಕಲ್ಲುಗುಂಡಿಗೆ ಎಂದು ತೀರ್ಮಾನ ಕೊಟ್ಟು ತಂತಮ್ಮ ಮಗ್ಗಗಳ ಕಡೆ ಹೋದರು. ಪಾಪ, ಜನರಿಗೆ ತಾನೇ ಎಷ್ಟು ದಿನ ಕಾಯಲಾದೀತು.

ಅವನು ದೊಡ್ಡಬಳ್ಳಾಪುರದ ನೇಕಾರರ ಕೇರಿಯವನಾದರೂ ನೇಯ್ಗೆ ಅವನ ಕೈಗೆ ಹತ್ತಿರಲಿಲ್ಲ. ಓಡಿಸುತ್ತಿದ್ದದ್ದು ಟ್ಯಾಕ್ಸಿ. ಹಳೆಯ ಅಂಬಾಸಿಡರ್, ಬಣ್ಣ ಕಪ್ಪು, ಮೇಲೆ ಹಳದಿ. ಊರ ಮದುವೆಯ ಗಂಡು ಹೆಣ್ಣು, ಘಾಟಿಯ ದೇವರಿಗೆ ಹರಕೆ ಹೊತ್ತವರು, ಬೆಂಗಳೂರಿನ ಚಿಕ್ಕಪೇಟೆಗೆ ಸೀರೆ ಹೊತ್ತು ಹೋಗುವ ಸಾಹುಕಾರರು, ಎಲ್ಲರೂ ಅದರಲ್ಲೇ ಕೂತವರು. ಮಗ್ಗದ ಮುಂದೆ ಕೂರುತ್ತಿದ್ದವಳು ಅವನ ಹೆಂಡತಿ ಆದಿಲಕ್ಷ್ಮಿ. ಆರ್ಟ್ ಸಿಲ್ಕ್ ಸೀರೆಯ ಒಂದು ಪವರ್‌ಲೂಮ್ ಮನೆಯ ಪಡಸಾಲೆಯಲ್ಲೇ ಇತ್ತು. ಲಾಳಿಗೆ ಹಾಕುವ ನೂಲಿನ ಕಂಡಿಕೆ ಸುತ್ತಿ ಕೊಡುತ್ತಿದ್ದವಳು ಅವಳ ತಾಯಿ ಅಂಜನಮ್ಮ. ಗಂಡ ಸತ್ತ ಮೇಲೆ ಇದ್ದೊಬ್ಬ ಮಗಳ ಜೊತೆಗೇ ಬಂದು ಉಳಿದವಳು.

ಶಿವರಾತ್ರಿ ಹತ್ತಿರವಿದ್ದಾಗ ಒಂದು ಬೆಳಗ್ಗೆ ಆದಿಲಕ್ಷ್ಮಿಗೆ ಹೊಟ್ಟೆನೋವು ಬಂತು. ಮಗ್ಗದ ಮೇಲೆ ಗಿಳಿಹಸಿರು ಸೀರೆ ಅರ್ಧಕ್ಕೆ ನಿಂತಿತ್ತು. ಊರಿನ ಡಾಕ್ಟರು ಹೊಟ್ಟೆ ಮುಟ್ಟಿ ನೋಡಿ, ಕರುಳಿನ ಬಾಲ, ಅಪೆಂಡಿಕ್ಸು, ಒಡೆಯುವ ಹಾಗಿದೆ, ತಡ ಮಾಡದೆ ಬೆಂಗಳೂರಿಗೆ ಕರೆದುಕೊಂಡು ಹೋಗು ಎಂದರು. ಮನೆ ಬಾಗಿಲಲ್ಲೇ ಕಾರಿರುವವನಿಗೆ ಇನ್ನೇನು ಬೇಕು. ಹಿಂದಿನ ಸೀಟಿನಲ್ಲಿ ಅಂಜನಮ್ಮನ ತೊಡೆಯ ಮೇಲೆ ಅವಳನ್ನು ಮಲಗಿಸಿಕೊಂಡು, ಕಾರು ಎಂದೂ ಓಡದಷ್ಟು ಜೋರಾಗಿ ಓಡಿಸಿದ. ಮಾರಸಂದ್ರ ದಾಟಿ ಸ್ವಲ್ಪ ದೂರದಲ್ಲಿ ಹಿಂದೆ ನೀಲಿ ಹೊಗೆ ಎದ್ದಿತು. ಇಂಜಿನ್ ಕೆಮ್ಮಿತು, ಜಗ್ಗಿತು, ಒಂದು ಹುಣಸೆಮರದ ಕೆಳಗೆ ನಿಂತುಬಿಟ್ಟಿತು. ಬಾನೆಟ್ ಎತ್ತಿದರೆ ಎಲ್ಲೆಂದರಲ್ಲಿ ಎಣ್ಣೆ. ಹ್ಯಾಂಡಲ್ ಹಾಕಿ ತಿರುಗಿಸಿ ತಿರುಗಿಸಿ ಅಂಗೈ ಸುಲಿಯಿತು. ಕೊನೆಗೆ ಒಂದು ದ್ರಾಕ್ಷಿ ಲಾರಿಯವನು ನಿಲ್ಲಿಸಿ, ಮುಂದಿನ ಸೀಟಿನಲ್ಲಿ ಜಾಗ ಮಾಡಿಕೊಟ್ಟ. ಆಸ್ಪತ್ರೆ ಮುಟ್ಟುವಷ್ಟರಲ್ಲಿ ಹೊಟ್ಟೆಯೊಳಗೆ ಒಡೆದು ಹೊತ್ತಾಗಿತ್ತು. ಒಂದು ಗಂಟೆ ಮುಂಚೆ ಬಂದಿದ್ದರೆ ಎಂದು ಅಲ್ಲಿಯವರು ಹೇಳಿದರು. ಹೇಳುವುದು ಅವರ ಕೆಲಸ, ಕೇಳಿಸಿಕೊಂಡವರ ಗತಿ ಬೇರೆ.

ಊರು ಆ ಒಂದು ಗಂಟೆಯ ಲೆಕ್ಕವನ್ನು ಅವನ ತಲೆಗೇ ಕಟ್ಟಿತು. ಕಾರು ಅದಕ್ಕೂ ಮೊದಲೇ ನೀಲಿ ಹೊಗೆ ಬಿಡುತ್ತಿದ್ದದ್ದನ್ನು ಎಲ್ಲರೂ ನೋಡಿದ್ದರು. ಪಿಸ್ಟನ್ ರಿಂಗ್ ಸವೆದಿದೆ, ಇಂಜಿನ್ ಬಿಚ್ಚಿಸು ಎಂದು ಬಸ್‌ಸ್ಟ್ಯಾಂಡಿನಲ್ಲಿ ಎಂಥೆಂಥವರೋ ಬುದ್ಧಿ ಹೇಳಿದ್ದರು. ಘಾಟಿಯ ಬಾಡಿಗೆಗಳು ಮುಗಿಯಲಿ, ಆಮೇಲೆ ನೋಡೋಣ ಎಂದು ಅವನು ಮುಂದೂಡಿದ್ದ. ಅದು ಸುಳ್ಳಲ್ಲ. ಆದ್ದರಿಂದ ಊರು ಹೇಳಿದ್ದಕ್ಕೆ ಅವನು ಎದುರಾಡಲಿಲ್ಲ. ತನ್ನ ಕೈಯಾರೆ ಕೊಂದೆ ಎಂದು ಅವನೂ ಒಪ್ಪಿಕೊಂಡ, ಒಪ್ಪಿಕೊಂಡ ಮೇಲೆ ಒಳಗೆ ಎಲ್ಲವೂ ನಿಂತುಹೋಯಿತು.

ಕಾರನ್ನು ಹಗ್ಗ ಕಟ್ಟಿ ಎಳೆದು ತಂದು ಪಿಳ್ಳಣ್ಣನ ಗ್ಯಾರೇಜಿನ ಹಿಂದೆ ನಿಲ್ಲಿಸಿದ್ದಾಯಿತು. ಲಕ್ಷ್ಮಣಪ್ಪ ಯಾರದೋ ಪವರ್‌ಲೂಮ್ ಶೆಡ್ಡಿಗೆ ಕೂಲಿಗೆ ಸೇರಿಕೊಂಡ. ನೇಯ್ಗೆ ಬರದವನಿಗೆ ಕೊಟ್ಟದ್ದು ಕಸ ಗುಡಿಸುವ, ನೂಲು ಸುತ್ತಿದ ಬೀಮ್ ಎತ್ತುವ ಕೆಲಸ. ಅದು ಅವನಿಗೆ ಚೆನ್ನಾಗಿ ಒಗ್ಗಿತು. ಹನ್ನೆರಡು ಮಗ್ಗಗಳು ಒಟ್ಟಿಗೆ ಬಡಿದುಕೊಳ್ಳುವಾಗ ತಲೆಯೊಳಗೆ ಬೇರೆ ಯಾವುದಕ್ಕೂ ಜಾಗವಿರುತ್ತಿರಲಿಲ್ಲ.

ಮನೆಯಲ್ಲಿ ಮಾತ್ರ ಸದ್ದೇ ಇರಲಿಲ್ಲ. ಅಂಜನಮ್ಮ ಹುಟ್ಟಿ ಬೆಳೆದ ಮನೆತನದಲ್ಲಿ ಅತ್ತೆಯಾದವಳು ಅಳಿಯನಿಗೆ ಮುಖ ಕೊಟ್ಟು ಮಾತಾಡುವ ಪದ್ಧತಿಯಿಲ್ಲ. ಒಂದೇ ಸೂರಿನ ಕೆಳಗೆ ಏಳು ವರ್ಷ ಇದ್ದರೂ ಅವಳು ಅವನೊಡನೆ ನೇರವಾಗಿ ಒಂದು ಮಾತೂ ಆಡಿದವಳಲ್ಲ. ಎಲ್ಲವೂ ಮಗಳ ಮೂಲಕ. "ನಿಮ್ಮೆಜಮಾನ್ರಿಗೆ ನೀರು ಕಾದಿದೆ ಅಂತ ಹೇಳೇ." ಅವನು ಮೂರು ಮಾರು ದೂರದಲ್ಲಿ ಟವಲ್ ಹೆಗಲಿಗೆ ಹಾಕಿಕೊಂಡು ನಿಂತಿರುತ್ತಿದ್ದ. ಆದಿಲಕ್ಷ್ಮಿ ಮಗ್ಗದಿಂದಲೇ ನಗುತ್ತ, "ಕೇಳಿಸ್ತಾ? ನೀರು ಕಾದಿದೆಯಂತೆ" ಎನ್ನುವಳು. ಅವನೂ, "ಬಂದೆ ಅಂತ ಹೇಳು" ಎನ್ನುವನು. ಅವಳಿಗೆ ಅದೊಂದು ಆಟವಾಗಿತ್ತು. ಎಷ್ಟೋ ಸಲ ಅರ್ಧ ಮಾತು ನುಂಗಿಯೋ ಮರೆತೋ ಬಿಡುತ್ತಿದ್ದಳು.

ಆ ಆಟ ಆಡುವವಳೇ ಹೋದ ಮೇಲೆ ಇಬ್ಬರ ನಡುವೆ ಮಾತು ಹೋಗುವ ದಾರಿಯೇ ಮುಚ್ಚಿಹೋಯಿತು. ಅಂಜನಮ್ಮ ಬಾಗಿಲ ಚೌಕಟ್ಟಿಗೆ ಹೇಳುವವಳ ಹಾಗೆ "ಊಟಕ್ಕಿಟ್ಟಿದೆ" ಎನ್ನುತ್ತಿದ್ದಳು, ತಟ್ಟೆ ಇಟ್ಟು ಒಳಗೆ ಹೋಗುತ್ತಿದ್ದಳು. ಒಂದು ದಿನ ಸಾರಿಗೆ ಉಪ್ಪೇ ಹಾಕಿರಲಿಲ್ಲ. ಅವನು ಉಂಡೆದ್ದ. ಅವಳೂ ಉಂಡಳು. ಇಬ್ಬರಿಗೂ ಗೊತ್ತಾಗಲಿಲ್ಲ, ಅಥವಾ ಗೊತ್ತಾದರೂ ಹೇಳುವುದಕ್ಕೆ ನಡುವೆ ಯಾರೂ ಇರಲಿಲ್ಲ.

ಅವಳು ತನ್ನನ್ನು ದೂರುತ್ತಿದ್ದಾಳೆಯೇ, ಇಲ್ಲವೇ? ಕಲ್ಲಾಗಿದ್ದ ಅವನೊಳಗೆ ಉಳಿದಿದ್ದದ್ದು ಈ ಒಂದೇ ಪ್ರಶ್ನೆ. ನೀನೇ ಕೊಂದೆ ಎಂದಾದರೂ ಸರಿ, ನಿನ್ನ ತಪ್ಪಲ್ಲ ಎಂದಾದರೂ ಸರಿ, ಆ ತಾಯಿಯ ಬಾಯಿಂದ ಒಂದು ಮಾತು ಬಂದರೆ ಸಾಕಾಗಿತ್ತು. ಆ ಕೊನೆಯ ದಾರಿಯಲ್ಲಿ ಮಗಳ ತಲೆ ಇದ್ದದ್ದು ಅವಳ ತೊಡೆಯ ಮೇಲೆ. ತೀರ್ಪು ಕೊಡುವ ಹಕ್ಕು ಬೇರೆ ಯಾರಿಗಿದೆ?

ಗೌರಿ ಹಬ್ಬ ಕಳೆದ ಮೇಲೆ ಪಿಳ್ಳಣ್ಣ ಹೇಳಿ ಕಳಿಸಿದ. ಹೊಸಕೋಟೆಯಿಂದ ಗುಜರಿಯವನೊಬ್ಬ ಬಂದು ಕಾರನ್ನು ಸುತ್ತು ಹಾಕಿ ನೋಡಿ ಹೋಗಿದ್ದನಂತೆ. ಲಕ್ಷ್ಮಣಪ್ಪ ಹೋದಾಗ ಪಿಳ್ಳಣ್ಣ ಕಾರಿನ ಹಿಂದಿನ ಸೀಟಿನಿಂದ ಕೋಳಿಗಳನ್ನು ಓಡಿಸುತ್ತಿದ್ದ. ಅವನು ಬಾಯಿಜೋರಿನ ಮನುಷ್ಯ, ಬೈಯದೆ ಒಂದು ಬೋಲ್ಟನ್ನೂ ಬಿಚ್ಚಿದವನಲ್ಲ. ಆದರೆ ಆ ದಿನ ಮೆಲ್ಲಗೇ ಮಾತಾಡಿದ.

"ಲೇ ಲಕ್ಷ್ಮಣ, ಕೊಡೋದಾದ್ರೆ ಕೊಟ್ಬಿಡು. ನಾನ್ ಬೇಡ ಅನ್ನಲ್ಲ. ಆದ್ರೆ ಒಂದ್ಸಲ ಸ್ಟಾರ್ಟ್ ಮಾಡ್ದೆ ನನ್ ಗ್ಯಾರೇಜಿಂದ ಗುಜರಿಗೆ ಹೋಗೋದು ನಂಗ್ ಸರಿ ಕಾಣಲ್ಲ ಕಣೋ."

"ನಿನ್ನಿಷ್ಟ ಪಿಳ್ಳಣ್ಣ" ಎಂದ ಲಕ್ಷ್ಮಣಪ್ಪ. ಕೊಡುವುದೂ ಒಂದೇ, ಇಟ್ಟುಕೊಳ್ಳುವುದೂ ಒಂದೇ.

ಪಿಳ್ಳಣ್ಣ ಪ್ಲಗ್ಗುಗಳನ್ನು ಬಿಚ್ಚಿದ. ನಾಲ್ಕೂ ಎಣ್ಣೆಯಲ್ಲಿ ಅದ್ದಿ ತೆಗೆದ ಹಾಗೆ ಕಪ್ಪಗಿದ್ದವು. ಒರೆಸಿ, ಸುಟ್ಟು, ಮತ್ತೆ ಹಾಕಿದ. ಬೇರೆ ಬ್ಯಾಟರಿ ತಂದು ಜೋಡಿಸಿದ. ಸ್ವಿಚ್ ಹಾಕುವ ಮೊದಲು ಮುಂದೆ ಹೋಗಿ ಹ್ಯಾಂಡಲ್ ತೂರಿಸಿ ನಿಧಾನವಾಗಿ ತಿರುಗಿಸಿದ. ತಿರುಗಿಸುತ್ತ ತಿರುಗಿಸುತ್ತ ಅವನ ಹುಬ್ಬು ಗಂಟಾಯಿತು.

"ನೀನ್ ಬಂದು ತಿರುಗ್ಸು."

ಲಕ್ಷ್ಮಣಪ್ಪ ತಿರುಗಿಸಿದ. ಹ್ಯಾಂಡಲ್ ನಾಲ್ಕು ಕಡೆ ಗಟ್ಟಿಯಾಗಿ ಎದುರು ಒತ್ತಿತು, ಗೇಣುದ್ದ ಹಿಂದಕ್ಕೂ ತಳ್ಳಿತು.

"ರಿಂಗ್ ಸವೆದಿದ್ರೆ ಹಿಂಗ್ ಒತ್ತುತ್ತೇನೋ? ಬೆಣ್ಣೇಲಿ ತಿರುಗ್ದಂಗ್ ತಿರುಗ್ಬೇಕಿತ್ತು" ಎಂದ ಪಿಳ್ಳಣ್ಣ. "ಇದ್ರ ರಿಂಗ್ ನನ್ ಹಲ್ಲಿಗಿಂತ ಗಟ್ಟಿಯಾಗವೆ."

ಇಂಜಿನ್ ಸ್ಟಾರ್ಟ್ ಆಯಿತು. ಸ್ವಲ್ಪ ಹೊತ್ತು ಸುಮ್ಮನಿದ್ದು, ಆಮೇಲೆ ಸೈಲೆನ್ಸರಿನಿಂದ ನೀಲಿ ಹೊಗೆ ಎದ್ದು ಗ್ಯಾರೇಜು ತುಂಬಿತು. ಎಣ್ಣೆ ನೋಡುವ ಕಡ್ಡಿ ತನ್ನಷ್ಟಕ್ಕೆ ತಾನೇ ಮೇಲಕ್ಕೆದ್ದು ವಾಲಿತು. ಪಿಳ್ಳಣ್ಣ ಎಣ್ಣೆ ಹಾಕುವ ಮುಚ್ಚಳವನ್ನು ಸಡಿಲಿಸಿದ್ದೇ ತಡ, ಒಳಗಿನಿಂದ ಬಿಸಿ ಗಾಳಿ ಬುಸ್ಸೆಂದು ನುಗ್ಗಿ ಅವನ ಮುಖಕ್ಕೆಲ್ಲ ಎಣ್ಣೆ ಎರಚಿತು. ವಿಚಿತ್ರವೆಂದರೆ ಮುಚ್ಚಳ ತೆಗೆದಿಟ್ಟ ಕೂಡಲೇ ಇಂಜಿನ್ ಹದಕ್ಕೆ ಬಂತು. ಹೊಗೆ ಕಡಿಮೆಯಾಯಿತು. ಮತ್ತೆ ಮುಚ್ಚಿದ, ಮತ್ತೆ ಹೊಗೆ. ತೆಗೆದ, ನಿಂತಿತು. ಏರ್‌ಕ್ಲೀನರ್ ಬಿಚ್ಚಿ ನೋಡಿದರೆ ಅದರ ತಳದಲ್ಲೂ ಎಣ್ಣೆ ನಿಂತಿತ್ತು.

"ಉಸಿರು ಕಟ್ಟಿದೆ" ಎಂದ ಪಿಳ್ಳಣ್ಣ ಇಂಜಿನ್ ಆರಿಸಿ. "ಇಂಜಿನ್ ಒಳಗಿನ ಹೊಗೆ ಆಚೆ ಹೋಗೋಕೆ ಬ್ರೀದರ್ ಅಂತ ಒಂದು ಡಬ್ಬ ಇರುತ್ತೆ. ಅದ್ರೊಳಗಿನ ಜಾಳಿಗೇಲಿ ಎಣ್ಣೆ ಬೇರೆಯಾಗಿ ವಾಪಸ್ ಇಳಿಯುತ್ತೆ, ಬರೀ ಹೊಗೆ ಪೈಪಲ್ಲಿ ನೆಲದ ಕಡೆ ಹೋಗುತ್ತೆ. ಆ ದಾರಿ ಮುಚ್ಕೊಂಡ್ರೆ? ಎಣ್ಣೆ ಸಮೇತ ಮೇಲಿಂದ ಕಾರ್ಬುರೇಟರಿಗೆ ನುಗ್ಗುತ್ತೆ. ಪ್ಲಗ್ ಮುಳುಗ್ತವೆ. ಜೋರಾಗಿ ಓಡ್ಸಿದಷ್ಟೂ ಬೇಗ ಮುಳುಗ್ತವೆ."

ಜೋರಾಗಿ ಓಡಿಸಿದಷ್ಟೂ ಎಂದು ಲಕ್ಷ್ಮಣಪ್ಪ ಮನಸ್ಸಿನಲ್ಲಿ ಹೇಳಿಕೊಂಡ. ಆ ಮಾತು ಎಲ್ಲೋ ದೂರದಲ್ಲಿ ಬಿದ್ದ ಹಾಗಾಯಿತು.

ಪಿಳ್ಳಣ್ಣ ಗೋಣಿ ಹಾಸಿಕೊಂಡು ಕಾರಿನ ಕೆಳಗೆ ಮಲಗಿದ. ಬ್ರೀದರಿನ ಪೈಪು ಇಂಜಿನ್ನಿನ ಪಕ್ಕದಿಂದ ನೆಲದ ಕಡೆಗೆ ಇಳಿದಿರುತ್ತದೆ. ಅದರ ಬಾಯಿಗೆ ಮಣ್ಣು, ಎಣ್ಣೆ ಕಲೆತು ಹೆಪ್ಪುಗಟ್ಟಿತ್ತು. ಸ್ಕ್ರೂಡ್ರೈವರಿನಿಂದ ಕೆರೆದ.

"ಇಲ್ಲಿ ಬಾರೋ."

ಲಕ್ಷ್ಮಣಪ್ಪ ಬಗ್ಗಿದ. ಮಣ್ಣಿನ ಕೆಳಗೆ, ಪೈಪಿನ ಬಾಯಿಯ ಸುತ್ತ ನೂಲಿನ ಎಳೆಗಳನ್ನು ಬಿಗಿಯಾಗಿ ಸುತ್ತಿ ಗಂಟು ಹಾಕಲಾಗಿತ್ತು. ಕಡಿದ ಎಳೆಯನ್ನು ಮಗ್ಗದವರು ಕಣ್ಣುಮುಚ್ಚಿ ಸೇರಿಸುವ ಗಂಟು ಅದು. ಚಿಕ್ಕದು, ಜಾರದ್ದು. ಪಿಳ್ಳಣ್ಣ ಅದನ್ನು ಕತ್ತರಿಸಿ ಇಕ್ಕಳದಿಂದ ಎಳೆದ. ನೂಲಿನ ಒಂದು ಉಂಡೆ ಬಂತು. ಅದರ ಹಿಂದೆ ಇನ್ನೊಂದು. ಬ್ರೀದರ್ ಡಬ್ಬವನ್ನೇ ಬಿಚ್ಚಿ ತೆಗೆದು ಕಲ್ಲಿನ ಮೇಲೆ ಇಟ್ಟು ಕೆದಕಿದರೆ ಅದರೊಳಗೂ ಅದೇ. ಒಂದೊಂದು ಸಲವೂ ಹೊಸ ಉಂಡೆ ತುರುಕಿದಾಗ ಹಳೆಯದು ಮೇಲೆ ಸರಿದು, ಎಣ್ಣೆ ಕುಡಿದು ಉಬ್ಬಿ, ಜಾಳಿಗೆಗೆ ಅಂಟಿ ಕಲ್ಲಾಗಿತ್ತು. ಜಾಳಿಗೆ ಕೊಳೆತು ಉದುರುತ್ತಿತ್ತು. ಪಿಳ್ಳಣ್ಣ ಒಂದು ಉಂಡೆಯನ್ನು ಪೆಟ್ರೋಲಿನಲ್ಲಿ ಅದ್ದಿ ಹಿಂಡಿದ. ಕಪ್ಪು ಇಳಿದು ಬಣ್ಣ ಕಾಣಿಸಿತು.

ಗಿಳಿಹಸಿರು.

ಲಕ್ಷ್ಮಣಪ್ಪ ಅದನ್ನು ಕೈಗೆ ತೆಗೆದುಕೊಂಡು ನೋಡಿದ. ಮನೆಯ ಪಡಸಾಲೆಯಲ್ಲಿ ಆ ಸೀರೆ ಇನ್ನೂ ಅರ್ಧಕ್ಕೆ ನಿಂತಿದೆ. ಹಾಗಾದರೆ ಇದನ್ನು ಮಾಡಿದವಳು ಆದಿಲಕ್ಷ್ಮಿಯೇ. ಕಾರು ನಿಲ್ಲುತ್ತಿದ್ದದ್ದು ಮನೆಯ ಮುಂದಿನ ಬೀದಿಯಲ್ಲಿ. ಅದೇ ಬೀದಿಯಲ್ಲಿ ಇನ್ನೂ ಕೈಮಗ್ಗ ಇಟ್ಟುಕೊಂಡ ಎರಡು ಮನೆಯವರು ಬೆಳಗಾಗುತ್ತಲೇ ಹಾಸುನೂಲನ್ನು ಉದ್ದಕ್ಕೂ ಚಾಚಿ ಗಂಜಿ ಹಚ್ಚಿ ಒಣಗಿಸುತ್ತಿದ್ದರು. ನೆಲದ ಮೇಲೆ ಎಣ್ಣೆ ಬಿದ್ದಿದ್ದರೆ, ಕಾಲಿಗೆ ಮೆತ್ತಿಕೊಂಡು ನೂಲಿಗೆ ತಗುಲಿದರೆ ಕಲೆ ಹೋಗುವುದಿಲ್ಲ. ಎಣ್ಣೆ ತೊಟ್ಟಿಕ್ಕುವ ತೂತು ಕಂಡಿದೆ, ಕೈಯಲ್ಲಿ ವೇಸ್ಟ್ ನೂಲಿದೆ, ತುರುಕಿದ್ದಾಳೆ. ನೇಕಾರರ ಮನೆಯಲ್ಲಿ ಸೋರುವ ನಲ್ಲಿಗೂ, ಇಲಿಯ ಬಿಲಕ್ಕೂ ಅದೇ ಔಷಧಿ. ಕಾರಿಗೂ ಅದನ್ನೇ ಮಾಡಿದ್ದಾಳೆ.

"ನಿನ್ ತಪ್ಪಲ್ವಲ್ಲೋ" ಎಂದ ಪಿಳ್ಳಣ್ಣ. ಅವನ ಕಣ್ಣಲ್ಲಿ ನೀರಿತ್ತು. "ಅವತ್ತಿಂದ ಊರೆಲ್ಲ ನಿನ್ನ ಹಿಡ್ಕೊಂಡು ಝಾಡಿಸ್ತಿದ್ಯಲ್ಲ. ಇವತ್ತೇ ಬಸ್‌ಸ್ಟ್ಯಾಂಡಲ್ಲಿ ನಿಂತು ಹೇಳ್ತೀನಿ ನಾನು."

"ಬೇಡ ಪಿಳ್ಳಣ್ಣ."

"ಯಾಕೆ?"

"ಇದು ಆದೀದೇ ಕೆಲಸ. ಊರಿಗೆ ಗೊತ್ತಾದ್ರೆ ಅತ್ತೆಗೂ ಗೊತ್ತಾಗುತ್ತೆ. ಸತ್ತ ಮಗಳು ತಾನೇ ತನ್ನ ಸಾವು ತಂದ್ಕೊಂಡ್ಲು ಅಂತ ಆಯಮ್ಮ ಕೇಳ್ಬೇಕಾ? ರಿಂಗ್ ಹೋಗಿತ್ತು ಅಂತಾನೇ ಹೇಳು. ನಂಗ್ ಕೇಳಿಸ್ಕೊಂಡು ಅಭ್ಯಾಸ ಆಗೋಗಿದೆ."

ಪಿಳ್ಳಣ್ಣ ಎಣ್ಣೆಗೈಯಲ್ಲೇ ಮೂಗು ಒರೆಸಿಕೊಂಡ. ಆಮೇಲೆ ಎಂದಿನಂತೆ ಜೋರಾಗಿ, ಬೋಲ್ಟಿನ ತಾಯಿಯನ್ನು ಬೈಯುತ್ತ, ಬೆಂಗಳೂರಿನ ಜೆ.ಸಿ. ರೋಡಿಗೆ ಹೋಗಿ ಬೇರೆ ಬ್ರೀದರ್ ಡಬ್ಬ ತಾ ಎಂದ.

ಲಕ್ಷ್ಮಣಪ್ಪ ಬಸ್ಸಿನಲ್ಲಿ ಹೋದ. ಮಾರಸಂದ್ರ ದಾಟಿದ ಮೇಲೆ ಹುಣಸೆಮರ ಬಂತು. ಕಿಟಕಿಯಿಂದ ನೋಡಿದ. ಕೆಳಗೆ ಯಾರೋ ಸೌತೆಕಾಯಿ ಗುಡ್ಡೆ ಹಾಕಿಕೊಂಡು ಮಾರುತ್ತಿದ್ದರು. ಇಲ್ಲಿ ಏನಾದರೂ ಆಗಬೇಕು ತನಗೆ ಎಂದುಕೊಂಡ. ಏನೂ ಆಗಲಿಲ್ಲ. ಮರ ಹಿಂದೆ ಹೋಯಿತು. ಹೆಂಡತಿಯ ಮೇಲೆ ಸಿಟ್ಟಾದರೂ ಬರಬೇಕಿತ್ತು, ಒಂದು ಮಾತು ನನಗೆ ಹೇಳಬಾರದಿತ್ತೇ ಎಂದು. ಸಿಟ್ಟೂ ಬರಲಿಲ್ಲ. ತಪ್ಪು ತನ್ನದಲ್ಲ ಎಂದು ತಿಳಿದರೆ ಎದೆ ಹಗುರವಾಗುತ್ತದೆ ಎಂದು ಎಷ್ಟು ರಾತ್ರಿ ಆಸೆಪಟ್ಟಿದ್ದ. ಈಗ ತಿಳಿದೂ ಆಯಿತು. ಎದೆ ಮೊದಲಿನಂತೆಯೇ ಇತ್ತು, ಹಗುರವೂ ಇಲ್ಲ, ಭಾರವೂ ಇಲ್ಲ.

ಜೆ.ಸಿ. ರೋಡಿನಲ್ಲಿ ಹಳೆಯ ಸಾಮಾನಿನ ಅಂಗಡಿಯವನು ರಾಶಿಯೊಳಗೆ ಕೈ ಹಾಕಿ ಮೂರು ಡಬ್ಬ ತೆಗೆದು ಮುಂದಿಟ್ಟ. ಲಕ್ಷ್ಮಣಪ್ಪ ಒಂದೊಂದನ್ನೂ ಬಾಯಿಗಿಟ್ಟು ಊದಿದ. ಮೂರನೆಯದರಲ್ಲಿ ಉಸಿರು ತಡೆಯಿಲ್ಲದೆ ಆಚೆ ಹೋಯಿತು. ಅದನ್ನೇ ಕಟ್ಟಿಸಿಕೊಂಡ.

ಮಾರನೆಯ ದಿನ ಪಿಳ್ಳಣ್ಣ ಇಂಜಿನ್ನಿನ ಪಕ್ಕವನ್ನೆಲ್ಲ ಸೀಮೆಎಣ್ಣೆಯಲ್ಲಿ ತೊಳೆದು, ಕಾರ್ಕಿನ ಹೊಸ ವಾಷರ್ ಕತ್ತರಿಸಿ ಕೂರಿಸಿ, ಡಬ್ಬವನ್ನು ಬಿಗಿದ. ಪೈಪಿನೊಳಗೆ ತಂತಿ ಆಡಿಸಿ ಬೆಳಕು ಹಾಯುವುದನ್ನು ನೋಡಿದ. ಹೊಸ ಎಣ್ಣೆ ಹಾಕಿ ಸ್ಟಾರ್ಟ್ ಮಾಡಿದಾಗ ಕಡ್ಡಿ ಅಲುಗಲಿಲ್ಲ, ಹೊಗೆಯಿಲ್ಲ. ಪೈಪಿನ ಬಾಯಿಯಲ್ಲಿ ಚಳಿಗಾಲದ ಉಸಿರಿನಷ್ಟು ಆವಿ ಮಾತ್ರ ಕಾಣುತ್ತಿತ್ತು.

"ಒಂದೆರಡು ತೊಟ್ಟು ಎಣ್ಣೆ ಬೀಳುತ್ತೆ, ಹೆದರ್ಬೇಡ" ಎಂದ ಪಿಳ್ಳಣ್ಣ. "ಅಂಬಾಸಿಡರ್ ಅಂದ್ಮೇಲೆ ಸೋರ್ಬೇಕು. ಸೋರ್ಲಿಲ್ಲ ಅಂದ್ರೆ ಒಳಗೆ ಎಣ್ಣೆ ಇಲ್ಲ ಅಂತ ಅರ್ಥ."

ಸಂಜೆ ಲಕ್ಷ್ಮಣಪ್ಪ ಕಾರನ್ನು ತಂದು ಮನೆಯ ಮುಂದೆ, ಹಳೆಯ ಜಾಗದಲ್ಲೇ ನಿಲ್ಲಿಸಿದ. ಆ ಸದ್ದಿಗೆ ಬೀದಿಯಲ್ಲಿ ಎರಡು ಮೂರು ಬಾಗಿಲು ತೆರೆದವು. ಅವನ ಮನೆಯೊಳಗೆ ರಾಟೆಯ ಸದ್ದು ನಿಂತಿತು. ಅವನು ಒಳಗೆ ಬಂದು ಕಾಲು ತೊಳೆದು, ನಡುಮನೆಯ ಕಂಬದ ಹತ್ತಿರ ನಿಂತ. ಅಡುಗೆಮನೆಯ ಬಾಗಿಲ ಹಿಂದೆ ಅಂಜನಮ್ಮನ ಸೆರಗಿನ ತುದಿ ಕಾಣುತ್ತಿತ್ತು. ಅವಳಿಗೆ ಹೇಳು ಎಂದು ಯಾರ ಹತ್ತಿರ ಹೇಳುವುದು? ಕಂಬಕ್ಕೇ ಹೇಳಿದ.

"ಇಂಜಿನ್ ಬಿಚ್ಚಿಸ್ದೆ. ರಿಂಗ್ ಹೋಗಿತ್ತಂತೆ. ಮುಂಚೇನೇ ಮಾಡಿಸಿದ್ರೆ ಅವತ್ತು ನಿಲ್ತಿರ್ಲಿಲ್ಲ. ನಾನೇ ಮಾಡಿಸ್ಲಿಲ್ಲ. ತಪ್ಪು ನಂದೇ."

ಸೆರಗು ಅಲುಗಲಿಲ್ಲ. ಅವನು ಕಾದ. ಕೇರಿ ಅವನಿಗಾಗಿ ಕಾದ ಹಾಗೆ, ಅವನು ಈಗ ಅವಳಿಗಾಗಿ ಕಾದ. ಸ್ವಲ್ಪ ಹೊತ್ತಿನ ಮೇಲೆ ರಾಟೆ ಮತ್ತೆ ತಿರುಗತೊಡಗಿತು. ಆಮೇಲೆ ಊಟಕ್ಕಿಟ್ಟಿದೆ ಎಂಬ ಮಾತು ಬಂತು. ತಟ್ಟೆಯಲ್ಲಿ ಮುದ್ದೆ, ಅವರೆಕಾಳಿನ ಸಾರು. ಮುರಿದು ಬಾಯಿಗಿಟ್ಟ. ಉಪ್ಪು ಸರಿಯಾಗಿದೆಯೇ ಎಂದು ಯೋಚಿಸಿ ನೋಡಿದ, ಗೊತ್ತಾಗಲಿಲ್ಲ.

ಬೆಳಗ್ಗೆ ಅವನಿಗೆ ಎಚ್ಚರವಾದದ್ದು ಬೀದಿಬಾಗಿಲಿನ ಸದ್ದಾದಾಗ. ಬೆಳಕು ಹರಿದಿತ್ತು. ಬೀದಿಯ ಆ ತುದಿಯಲ್ಲಿ ಹಾಸುನೂಲಿನ ಗೂಟ ನೆಡುತ್ತಿದ್ದರು. ಅವನು ಜಗಲಿಗೆ ಬಂದ. ಅಂಜನಮ್ಮ ಕಾರಿನ ಪಕ್ಕದಲ್ಲಿ ಕುಕ್ಕರುಗಾಲಲ್ಲಿ ಕೂತು, ಒಂದು ಕೈ ನೆಲಕ್ಕೂರಿ, ಇನ್ನೊಂದು ಕೈಯನ್ನು ಕಾರಿನ ಕೆಳಗೆ ಚಾಚಿದ್ದಳು. ಪಕ್ಕದಲ್ಲಿ ನೆಲದ ಮೇಲೆ ವೇಸ್ಟ್ ನೂಲಿನ ಉಂಡೆ ಇತ್ತು, ಕಟ್ಟುವುದಕ್ಕೆ ಉದ್ದನೆಯ ಎಳೆಯೂ ಇತ್ತು. ಅರ್ಧಕ್ಕೆ ನಿಂತ ಸೀರೆಯ ನೂಲೇ ಅದು. ಗಿಳಿಹಸಿರು.

ಅವಳ ಬೆರಳುಗಳು ನೋಡದೆಯೇ ಪೈಪಿನ ಬಾಯಿಯನ್ನು ಹುಡುಕಿದವು. ಎಷ್ಟೋ ಸಲ ಹೋಗಿ ಬಂದ ದಾರಿ ಅದು. ಲಕ್ಷ್ಮಣಪ್ಪನಿಗೆ ಎಲ್ಲವೂ ಅರ್ಥವಾಯಿತು. ಆದಿಲಕ್ಷ್ಮಿ ಅಲ್ಲ. ಅವಳಿಗೆ ಇದು ಗೊತ್ತೇ ಇರಲಿಲ್ಲ.

ಅವನ ನೆರಳು ಬಿದ್ದು ಅಂಜನಮ್ಮ ಬೆಚ್ಚಿ ತಿರುಗಿದಳು. ಎದ್ದು ಸೆರಗು ತಲೆಗೆಳೆದುಕೊಂಡಳು. ಒಳಗೆ ಓಡುತ್ತಾಳೆ ಎಂದುಕೊಂಡ. ಓಡಲಿಲ್ಲ. ಕಾರಿನ ಬಾಗಿಲಿನ ಕಡೆ ನೋಡುತ್ತ, ಆಮೇಲೆ ಅದೂ ಬೇಡವೆನ್ನಿಸಿತೋ ಏನೋ, ನೇರ ಅವನ ಮುಖವನ್ನೇ ನೋಡಿ ಮಾತಾಡಿದಳು.

"ಹಾಸು ಹಾಕ್ತಾವ್ರೆ ಅಳಿಯಂದ್ರೆ. ಎಣ್ಣೆ ಬಿದ್ರೆ ಅವ್ರ ನೂಲು ಹಾಳಾಗುತ್ತೆ. ಮುಂಚೇನೂ ನಾನೇ ಮುಚ್ಚಿಡ್ತಿದ್ದೆ. ನಿಮ್ಗೆ ಹೇಳು ಅಂತ ಆದಿಗೆ ಎಷ್ಟ್ ಸಲ ಹೇಳ್ದೆ, ಹೂಂ ಅನ್ನೋಳು, ಮರೆತುಬಿಡೋಳು. ಬೀಳ್ದಂಗೆ ಸುತ್ತಿ ಕಟ್ತಿದ್ದೆ. ಗಾಡಿ ಹೋಗೋದ್ರೊಳಗೆ ತೆಗೀಬೇಕು ಅನ್ಕೊಳ್ತಿದ್ದೆ, ನೀವು ಬೆಳಿಗ್ಗೇನೇ ಹೊರಟುಹೋಗೋರು."

ಏಳು ವರ್ಷದಲ್ಲಿ ಅವಳು ಅವನೊಡನೆ ನೇರವಾಗಿ ಆಡಿದ ಮೊದಲ ಮಾತು ಇದು.

"ಗಾಡಿ ಮತ್ತೆ ಬಾಗಿಲಿಗೆ ಬಂತು, ನಂಗೂ ಒಂದಿಷ್ಟು ಧೈರ್ಯ ಬಂತು ನೋಡಿ" ಎಂದಳು ಅವಳು. "ರಾತ್ರಿ ನೀವ್ ಹೇಳಿದ್ದು ಕೇಳಿಸ್ಕೊಂಡೆ. ನಿಮ್ ತಪ್ಪೇನಿಲ್ಲ. ಯಾರ ತಪ್ಪೂ ಅಲ್ಲ. ಮಿಷನ್ನು, ಒಂದಿನ ನಿಂತುಹೋಗುತ್ತೆ. ನಾನ್ ನಿಮ್ನ ಒಂದಿನಾನೂ ದೂರ್ಲಿಲ್ಲ ಅಳಿಯಂದ್ರೆ. ಹೇಳೋಣ ಅಂದ್ರೆ, ಹೇಳೋಕೆ ಅವಳಿರ್ಲಿಲ್ಲ."

ಅವನು ಇಷ್ಟು ದಿನ ಕಾದಿದ್ದ ಮಾತು ಅದು. ಅದು ಆ ನೂಲು ತುರುಕಿದವಳ ಬಾಯಿಂದಲೇ, ಬರಬಾರದ ಹೊತ್ತಿನಲ್ಲಿ ಬಂದಿತ್ತು. ಅದನ್ನು ತೆಗೆದುಕೊಳ್ಳದೆ ಬೇರೆ ದಾರಿಯಿರಲಿಲ್ಲ. ನಿಜ ಹೇಳಿದರೆ ತಾನು ಕಳೆದುಕೊಳ್ಳುವುದೇನೂ ಇಲ್ಲ, ಅವಳಿಗೆ ಬದುಕಲು ಉಳಿಯುವುದೂ ಏನೂ ಇಲ್ಲ. ಅಂಜನಮ್ಮ ಮತ್ತೆ ಬಗ್ಗಿ ನೆಲದ ಮೇಲಿನ ಉಂಡೆಯನ್ನು ಎತ್ತಿಕೊಂಡಳು.

"ಕೊಡಿ ಅತ್ತೆ" ಎಂದ ಲಕ್ಷ್ಮಣಪ್ಪ. ಸ್ವರ ತನ್ನದೇ ಎಂದು ಅವನಿಗೆ ಅನ್ನಿಸಲಿಲ್ಲ. "ನಿಮ್ ಕೈ ಎಣ್ಣೆಯಾಗುತ್ತೆ. ಇನ್ಮೇಲೆ ಅದನ್ನ ನಾನ್ ನೋಡ್ಕೊಳ್ತೀನಿ. ನೀವ್ ಕಾರಿನ ಕೆಳಗೆ ಕೈ ಹಾಕ್ಬೇಡಿ."

ಅವಳು ಕೊಟ್ಟಳು. ಅವನು ಆ ಉಂಡೆಯನ್ನೂ ಎಳೆಯನ್ನೂ ಅಂಗಿಯ ಜೇಬಿಗೆ ಹಾಕಿಕೊಂಡ. ಒಳಗೆ ಹೋಗಿ ಅಟ್ಟದ ಮೇಲಿದ್ದ ಹಳೆಯ ಡಾಲ್ಡಾ ಡಬ್ಬವೊಂದನ್ನು ತಂದ. ಮಂಡಿಯೂರಿ ಕೂತು ಪೈಪಿನ ಬಾಯಿಗೆ ಸರಿಯಾಗಿ ಕೆಳಗೆ ಇಟ್ಟ. ಸ್ವಲ್ಪ ಹೊತ್ತಿನಲ್ಲಿ ಒಂದು ತೊಟ್ಟು ಎಣ್ಣೆ ಡಬ್ಬದ ತಳಕ್ಕೆ ಟಪ್ಪೆಂದು ಬಿತ್ತು.

ಅಂಜನಮ್ಮ ಬಗ್ಗಿ ನೋಡಿದಳು. ಮುಖದಲ್ಲಿ ಸಣ್ಣ ನಗು ಬಂತು, ಮಗಳದೇ ನಗು, ಅದೇ ಒಂದು ಕಡೆ ವಾಲಿದ್ದು.

"ಅಯ್ಯೋ, ಒಂದು ಡಬ್ಬ ಇಟ್ಟಿದ್ರೆ ಆಗೋಗಿತ್ತಲ್ಲ" ಎಂದಳು. "ಅಷ್ಟು ದಿನ ಒದ್ದಾಡ್ದೆ. ನಂಗಿದು ಹೊಳೀಲೇ ಇಲ್ಲ ನೋಡಿ."

"ನಂಗೂ ಹೊಳೀಲಿಲ್ಲ ಅತ್ತೆ" ಎಂದ ಅವನು.

ಅವಳು ಸೀಗೆಪುಡಿ ಹಚ್ಚಿ ಕೈ ತೊಳೆದುಕೊಂಡು ಒಳಗೆ ಹೋದಳು. ಲಕ್ಷ್ಮಣಪ್ಪ ಕಾರಿನ ಪಕ್ಕದಲ್ಲೇ ನೆಲದ ಮೇಲೆ ಕೂತಿದ್ದ. ಬೀದಿಯಲ್ಲಿ ಹಾಸುನೂಲು ಬಿಚ್ಚಿಕೊಳ್ಳುತ್ತ ಅವನ ಕಡೆಗೆ ಬರುತ್ತಿತ್ತು, ಹಿಡಿದವರು ದಾರಿ ಬಿಡಿ ಎಂದು ಕೂಗುತ್ತಿದ್ದರು. ಅವನು ಏಳಲಿಲ್ಲ. ಮೊದಲು ಭುಜ ಅಲುಗಿತು. ಆಮೇಲೆ ಒಳಗೆ ನಿಂತಿದ್ದದ್ದೆಲ್ಲ ಒಟ್ಟಿಗೆ ಹೊರಟಿತು. ಅಳುವಿನ ಸದ್ದು ಒಳಗೆ ಕೇಳಿಸಬಾರದೆಂದು ಜೇಬಿನಲ್ಲಿದ್ದ ನೂಲಿನ ಉಂಡೆಯನ್ನು ತೆಗೆದು ಬಾಯಿಗೆ ಒತ್ತಿಕೊಂಡ.

"ಅಳಿಯಂದ್ರೆ" ಎಂದು ಅಂಜನಮ್ಮ ಒಳಗಿನಿಂದ ಕರೆದಳು, ನೇರವಾಗಿ, ನಡುವೆ ಯಾರೂ ಇಲ್ಲದೆ. "ರೊಟ್ಟಿ ಆರೋಗುತ್ತೆ, ಬನ್ನಿ."